ಎರಡು ಎಕರೆ ಮಾರಿ ಮಗನನ್ನು ಟೆನಿಸ್‌ಗೆ ಕಳಿಸಲೇ?

ಪ್ರಶ್ನೆ: ಸರ್, ನಮ್ಮದು ಗೋಕಾಕ ತಾಲ್ಲೂಕಿನ ಒಂದು ಹಳ್ಳಿ. ಐದು ಎಕರೆ ನೀರಾವರಿ ಹೊಲ, ಕಬ್ಬು ಹಾಕುತ್ತೇವೆ. ನಾನು ಬೆಳಗಾವಿಯಲ್ಲಿ ಸಹಕಾರಿ ಬ್ಯಾಂಕಿನಲ್ಲಿ ಕೆಲಸ ಮಾಡುತ್ತೇನೆ, ಸಂಸಾರ ಇಲ್ಲೇ. ಮಗನಿಗೆ 13 ತುಂಬಿದೆ, ಎಂಟನೇ ತರಗತಿ. ಎಂಟು ವರ್ಷದವನಿದ್ದಾಗಿನಿಂದ ಟೆನಿಸ್ ಆಡುತ್ತಿದ್ದಾನೆ. ರಾಜ್ಯದಲ್ಲಿ ನಡೆಯುವ 14 ವರ್ಷದೊಳಗಿನವರ ಟೂರ್ನಿಗಳಲ್ಲಿ ಎರಡು ಸಲ ಸೆಮಿಫೈನಲ್‌ಗೆ ಬಂದಿದ್ದಾನೆ. ವಾರಕ್ಕೆ ಆರು ದಿನ, ದಿನಕ್ಕೆ ನಾಲ್ಕು ತಾಸು ಪ್ರಾಕ್ಟೀಸ್. ಕಳೆದ ತಿಂಗಳು ಬೆಂಗಳೂರಿನ ಒಂದು ಅಕಾಡೆಮಿಯ ಕೋಚ್ ಇವನ ಆಟ ನೋಡಿ, ‘ಈಗಲೇ ಕರೆದುಕೊಂಡು ಬನ್ನಿ. ಶಾಲೆ ಬಿಡಿಸಿ ಓಪನ್ ಸ್ಕೂಲಿಗೆ ಹಾಕಿ. ಇನ್ನೊಂದು ವರ್ಷ ಬಿಟ್ಟರೆ ಮುಗೀತು’ ಅಂದರು. ಊಟ, ವಸತಿ ಸೇರಿ ವರ್ಷಕ್ಕೆ ಹತ್ತು ಲಕ್ಷ. ಎರಡು ಎಕರೆ ಮಾರಿದರೆ ಆಗುತ್ತದೆ. ನಮ್ಮ ಮನೆಯವರು ಬೇಡ ಅನ್ನುತ್ತಾರೆ. ನಮ್ಮ ಅಪ್ಪ ಪ್ರಾಯದಲ್ಲಿ ಕುಸ್ತಿ ಹಿಡಿದವರು, ಅವರು ‘ಮಾರು’ ಅನ್ನುತ್ತಾರೆ. ನನಗಂತೂ ನಿದ್ದೆ ಇಲ್ಲ. ಹೊಲ ಮಾರಿದ್ರ ಮತ್ತ ಬರೂದಿಲ್ಲ, ವಯಸ್ಸು ಹೋದ್ರ ಅದೂ ಬರೂದಿಲ್ಲ. ಏನು ಮಾಡಲಿ?
ತಾ.ಕ.: ಎರಡು ತಿಂಗಳಿಂದ ಬಲ ಮೊಣಕಾಲ ಚಿಪ್ಪಿನ ಕೆಳಗೆ ನೋವು ಅನ್ನುತ್ತಾನೆ. ಬೆಳೆಯುವ ಹುಡುಗರಿಗೆ ಇದ್ದದ್ದೇ ಎಂದು ಬಿಟ್ಟಿದ್ದೇವೆ.
– ಒಬ್ಬ ತಂದೆ, ಬೆಳಗಾವಿ

ಉತ್ತರ: ನಿಮ್ಮ ಪತ್ರವನ್ನು ಮೂರು ಸಲ ಓದಿದೆ. ಮೊದಲ ಸಲ ಹೊಲ ಕಂಡಿತು, ಎರಡನೇ ಸಲ ನಿಮ್ಮ ಅಪ್ಪ ಕಂಡರು, ಮೂರನೇ ಸಲ ಕಣ್ಣು ಕೂತದ್ದು ತಾಜಾಕಲಂ ಮೇಲೆ. ಮೊಣಕಾಲಿಗೆ ಕೊನೆಯಲ್ಲಿ ಬರುತ್ತೇನೆ. ಈ ಉತ್ತರ ಓದಿ ಮುಗಿಸುವವರೆಗೆ ಮಾತ್ರ ಅದನ್ನು ಮುಂದೂಡಿ, ಅದಕ್ಕಿಂತ ಜಾಸ್ತಿ ಬೇಡ.

ನಿಮ್ಮ ಭಯ ನನಗೆ ಅರ್ಥವಾಗುತ್ತದೆ. ಈಗ ಖರ್ಚು ಮಾಡದಿದ್ದರೆ ನಾಳೆ ಮಗ ‘ಅಪ್ಪ, ನೀನು ಅವತ್ತು ಕಳಿಸಲಿಲ್ಲ’ ಅಂದಾನು. ಖರ್ಚು ಮಾಡಿ ಅವನು ಎಲ್ಲೂ ಮುಟ್ಟದಿದ್ದರೆ ಹೊಲವೂ ಇಲ್ಲ, ಓದೂ ಇಲ್ಲ. ಎರಡೂ ಕಡೆ ಹಗ್ಗ ಎಳೆಯುತ್ತಿದೆ. ಆದರೆ ಈ ಹಗ್ಗವನ್ನು ನಿಮ್ಮ ಕೈಗೆ ಕೊಟ್ಟದ್ದು ಒಂದು ಮಾತು: ‘ಇನ್ನೊಂದು ವರ್ಷ ಬಿಟ್ಟರೆ ಮುಗೀತು.’ ಅದು ನಿಜವಾ ಅಂತ ಮೊದಲು ನೋಡೋಣ.

ನಿಜವಲ್ಲ. ನಾನು ಬೆಳಗಾವಿಯಲ್ಲಿ ಹದಿನೆಂಟು ವರ್ಷದಿಂದ ಮಕ್ಕಳಿಗೆ ಟೆನಿಸ್ ಕಲಿಸುತ್ತಿದ್ದೇನೆ. ಅದಕ್ಕೂ ಮುಂಚೆ ನಾಲ್ಕು ವರ್ಷ ಸಣ್ಣ ವೃತ್ತಿಪರ ಟೂರ್ನಿಗಳಲ್ಲಿ ಅಲೆದವನು. ಈ ಮಾತನ್ನು ನನಗೂ ಹೇಳಿದ್ದರು. ಆಗ ನನಗೆ 12. ಟೆನಿಸ್‌ನಲ್ಲಿ ಬೇಗ ಶುರು ಮಾಡಬೇಕು ಎನ್ನುವುದು ಸರಿ. ಕೈ, ಕಣ್ಣು, ಕಾಲು ಹೊಂದಿಕೊಳ್ಳುವುದು ಚಿಕ್ಕ ವಯಸ್ಸಿನಲ್ಲೇ, ಅದು ನಿಮ್ಮ ಮಗನಿಗೆ ಆಗಿದೆ. ಬೇಗ ಮನೆ ಬಿಡಬೇಕು ಎನ್ನುವುದು ಬೇರೆ ಮಾತು. ಇವೆರಡನ್ನೂ ಕಲಸಿ ಹೇಳುವವರಿಗೆ ಹಾಸ್ಟೆಲ್ ತುಂಬಬೇಕಿರುತ್ತದೆ. ಅವರದ್ದೂ ತಪ್ಪಿಲ್ಲ ಬಿಡಿ, ಕೋರ್ಟಿನ ಬಾಡಿಗೆ, ಲೈಟ್ ಬಿಲ್ಲು ಅವರೂ ಕಟ್ಟಬೇಕಲ್ಲ.

ಪುರುಷರ ಟೆನಿಸ್‌ನಲ್ಲಿ ಆಟಗಾರ ಗಟ್ಟಿಯಾಗುವುದೇ ತಡವಾಗಿ. ಅಂತರರಾಷ್ಟ್ರೀಯ ಟೆನಿಸ್ ಫೆಡರೇಷನ್ 2013ರ ಅಂಕಿಅಂಶ ಇಟ್ಟುಕೊಂಡು ಒಂದು ಲೆಕ್ಕ ತೆಗೆದಿತ್ತು. ಮೊದಲ ವೃತ್ತಿಪರ ಪಾಯಿಂಟ್ ಸಿಕ್ಕವನು ವಿಶ್ವ ರ‍್ಯಾಂಕಿಂಗ್‌ನ ಮೊದಲ ನೂರರೊಳಗೆ ಬರಲು ಸರಾಸರಿ ಐದು ವರ್ಷದ ಹತ್ತಿರ ಬೇಕಾಗುತ್ತಿತ್ತು. ಅದೂ ನೂರರೊಳಗೆ ಬಂದವರ ಲೆಕ್ಕ, ಬಾರದವರು ಅದರಲ್ಲಿ ಇಲ್ಲ. 2025ರ ಅಕ್ಟೋಬರ್‌ನಲ್ಲಿ ಶಾಂಘೈ ಮಾಸ್ಟರ್ಸ್ ಗೆದ್ದ ಮೊನಾಕೊದ ವ್ಯಾಲೆಂಟಿನ್ ವಾಶರೊ ಆಗ 204ನೇ ರ‍್ಯಾಂಕ್‌ನಲ್ಲಿದ್ದರು, ವಯಸ್ಸು 26. ಅಮೆರಿಕದ ಒಂದು ವಿಶ್ವವಿದ್ಯಾಲಯದ ತಂಡದಲ್ಲಿ ಓದುತ್ತಾ ಆಡಿ ಬಂದವರು. ನಮ್ಮ ಕೊಡಗಿನ ರೋಹನ್ ಬೋಪಣ್ಣ ಸಿಂಗಲ್ಸ್‌ನಲ್ಲಿ ಮುಟ್ಟಿದ ಅತ್ಯುತ್ತಮ ರ‍್ಯಾಂಕ್ 213. ಅಲ್ಲಿಗೇ ನಿಲ್ಲಿಸಿದ್ದರೆ ಅವರ ಹೆಸರು ಎಷ್ಟು ಜನಕ್ಕೆ ಗೊತ್ತಿರುತ್ತಿತ್ತು? ಡಬಲ್ಸ್ ಹಿಡಿದರು. 2024ರ ಜನವರಿಯಲ್ಲಿ, 43ನೇ ವಯಸ್ಸಿನಲ್ಲಿ, ಮ್ಯಾಥ್ಯೂ ಎಬ್ಡೆನ್ ಜೊತೆ ಆಸ್ಟ್ರೇಲಿಯನ್ ಓಪನ್ ಗೆದ್ದು ಡಬಲ್ಸ್‌ನಲ್ಲಿ ವಿಶ್ವದ ನಂಬರ್ 1 ಆದರು.

ಇನ್ನೊಂದು ನಂಬಿಕೆ, ಜೂನಿಯರ್‌ನಲ್ಲಿ ಗೆದ್ದವನು ಸೀನಿಯರ್‌ನಲ್ಲೂ ಗೆಲ್ಲುತ್ತಾನೆ ಎನ್ನುವುದು. ಯೂಕಿ ಭಾಂಬ್ರಿ 2009ರಲ್ಲಿ ಆಸ್ಟ್ರೇಲಿಯನ್ ಓಪನ್ ಜೂನಿಯರ್ ಚಾಂಪಿಯನ್, ಜೂನಿಯರ್ ನಂಬರ್ 1. ಅಷ್ಟು ದೊಡ್ಡ ಪ್ರತಿಭೆಗೂ ಸಿಂಗಲ್ಸ್‌ನಲ್ಲಿ ಸಿಕ್ಕ ಅತ್ಯುತ್ತಮ ಸ್ಥಾನ 83. ನಡುವೆ ಗಾಯಗಳೇ ಗಾಯಗಳು. ಅವರೂ ಕೊನೆಗೆ ಡಬಲ್ಸ್‌ಗೆ ತಿರುಗಿ, 2025ರ ಯುಎಸ್ ಓಪನ್‌ನಲ್ಲಿ ಸೆಮಿಫೈನಲ್ ಆಡಿದರು. ನಿಮ್ಮ ಮಗ 14 ವರ್ಷದೊಳಗಿನವರ ಎರಡು ಸೆಮಿಫೈನಲ್ ಆಡಿದ್ದಾನೆ. ಸಂತೋಷದ ಸಂಗತಿ. ಅವನಿಗೆ ಆಟ ಬರುತ್ತದೆ ಎಂದು ಅದು ಹೇಳುತ್ತದೆ. ಅದಕ್ಕಿಂತ ಜಾಸ್ತಿ ಏನನ್ನೂ ಹೇಳುವುದಿಲ್ಲ. ಈ ವಯಸ್ಸಿನಲ್ಲಿ ಆರು ತಿಂಗಳು ಮುಂಚೆ ಮೀಸೆ ಚಿಗುರಿದವನೇ ಗೆಲ್ಲುತ್ತಾನೆ. ತಮಾಷೆಗೆ ಹೇಳುತ್ತಿಲ್ಲ, ಇನ್ನೊಂದು ಟೂರ್ನಿಗೆ ಹೋದಾಗ ಫೈನಲ್ ಆಡುವ ಹುಡುಗರ ಎತ್ತರ, ಭುಜ ನೋಡಿ.

ಈಗ ದುಡ್ಡಿನ ವಿಷಯ. ಇಲ್ಲಿ ಸ್ವಲ್ಪ ನಿಧಾನಕ್ಕೆ ಹೋಗುತ್ತೇನೆ, ಯಾಕೆಂದರೆ ನಿಮ್ಮ ಎರಡು ಎಕರೆಯ ಉತ್ತರ ಇಲ್ಲೇ ಇದೆ.

ಟಿವಿಯಲ್ಲಿ ಕಾಣುವುದು ಏಣಿಯ ತುದಿ. ಗ್ರ್ಯಾನ್‌ಸ್ಲಾಮ್‌ನ ಮೊದಲ ಸುತ್ತಿನಲ್ಲೇ ಸೋತವನಿಗೂ 2025ರಲ್ಲಿ ವಿಂಬಲ್ಡನ್ 66,000 ಪೌಂಡ್ ಕೊಟ್ಟಿತು. ಇದನ್ನು ಓದಿದ ಅಪ್ಪಂದಿರು ನನ್ನ ಹತ್ತಿರ ಬಂದು, ‘ಸೋತ್ರೂ ಎಪ್ಪತ್ತು ಲಕ್ಷ ಸಿಗ್ತೈತಿ ಅಲ್ರಿ ಸರ್’ ಅನ್ನುತ್ತಾರೆ. ಸಿಗುತ್ತದೆ. ಆ ಮೊದಲ ಸುತ್ತಿಗೆ ಹೋಗುವವರು 128 ಜನ, ಇಡೀ ಜಗತ್ತಿನಿಂದ.

ಏಣಿಯ ಕೆಳಗಿನ ಮೆಟ್ಟಿಲಿಗೆ ಎಂ15 ಅಂತ ಹೆಸರು. ಇಡೀ ಟೂರ್ನಿಯ ಬಹುಮಾನ 15,000 ಡಾಲರ್. ಸಿಂಗಲ್ಸ್ ಗೆದ್ದವನಿಗೆ 2,160 ಡಾಲರ್. ಡಾಲರಿಗೆ 85 ರೂಪಾಯಿ ಹಿಡಿದರೆ 1.83 ಲಕ್ಷ. ಪರವಾಗಿಲ್ಲ ಅನಿಸುತ್ತದೆ, ಅಲ್ವಾ? ಆದರೆ ಗೆಲ್ಲುವವನು ಒಬ್ಬ. ಮುಖ್ಯ ಸುತ್ತಿನ ಮೊದಲ ಪಂದ್ಯದಲ್ಲಿ ಸೋತವನಿಗೆ 156 ಡಾಲರ್, ಅಂದರೆ 13,000 ರೂಪಾಯಿ ಚಿಲ್ಲರೆ. ಅದರಲ್ಲೂ ತೆರಿಗೆ ಹಿಡಿಯುತ್ತಾರೆ. ಅರ್ಹತಾ ಸುತ್ತಿನಲ್ಲೇ ಸೋತರೆ ಸೊನ್ನೆ. ರ‍್ಯಾಂಕಿಂಗ್ ಪಾಯಿಂಟ್ ಕಥೆಯೂ ಇಷ್ಟೇ. ಎಂ15 ಗೆದ್ದರೆ 15 ಪಾಯಿಂಟ್. ಎರಡನೇ ಸುತ್ತಿಗೆ ಹೋಗಿ ಸೋತರೆ ಒಂದೇ ಒಂದು ಪಾಯಿಂಟ್. ಆ ಒಂದು ಪಾಯಿಂಟಿಗಾಗಿ ಹುಡುಗರು ವರ್ಷಗಟ್ಟಲೆ ಅಲೆಯುತ್ತಾರೆ.

ನಾನೂ ಅಲೆದಿದ್ದೇನೆ. ನನ್ನ ಕಾಲದಲ್ಲಿ ಇದನ್ನು ಫ್ಯೂಚರ್ಸ್ ಅನ್ನುತ್ತಿದ್ದರು, ಬಹುಮಾನ 10,000 ಡಾಲರ್. ಮೊದಲ ಸುತ್ತಿನಲ್ಲಿ ಸೋತವನಿಗೆ 117 ಡಾಲರ್ 50 ಸೆಂಟ್. ಒಮ್ಮೆ ಮೂರನೇ ಸೆಟ್ ಟೈಬ್ರೇಕರ್‌ನಲ್ಲಿ ಸೋತು, ತೆರಿಗೆ ಕಳೆದು ಕೈಗೆ ಬಂದ ನಾಲ್ಕು ಸಾವಿರ ಚಿಲ್ಲರೆಯನ್ನು ಲಾಡ್ಜಿನ ಮಂಚದ ಮೇಲೆ ಹರವಿ ಕೂತಿದ್ದೆ. ರೂಮ್ ಬಾಡಿಗೆ ಒಂದು ಕಡೆ. ಮುಂದಿನ ಊರಿನ ಟಿಕೆಟ್ ಒಂದು ಕಡೆ. ರ‍್ಯಾಕೆಟ್‌ಗೆ ಗಟ್ಟ್, ಅಂದರೆ ತಂತಿ, ಹಾಕಿಸಲು ಒಂದು ಕಡೆ. ಊಟದ ಗುಡ್ಡೆಯಲ್ಲಿ ಉಳಿದದ್ದು ಇನ್ನೂರು ರೂಪಾಯಿ. ಅವತ್ತೇ ಆಯೋಜಕರ ಹತ್ತಿರ ಹೋಗಿ ಬೇರೆ ಆಟಗಾರರ ರ‍್ಯಾಕೆಟ್‌ಗೆ ಗಟ್ಟ್ ಹಾಕುವ ಕೆಲಸ ಕೇಳಿದೆ. ಆ ವಾರ ಆಡಿ ಗಳಿಸಿದ್ದಕ್ಕಿಂತ ಗಟ್ಟ್ ಹಾಕಿ ಗಳಿಸಿದ್ದೇ ಜಾಸ್ತಿ. ಈಗಲೂ ನನ್ನ ಹುಡುಗರ ರ‍್ಯಾಕೆಟ್‌ಗೆ ನಾನೇ ಗಟ್ಟ್ ಹಾಕುತ್ತೇನೆ, ಬೇರೆಯವರ ಕೈ ನಂಬಿಕೆ ಬರುವುದಿಲ್ಲ.

ಇದು ನನ್ನಂಥ ಸಾಧಾರಣ ಆಟಗಾರನ ಕಥೆ ಎಂದು ಬಿಡಬೇಡಿ. ಸುಮಿತ್ ನಾಗಲ್ ಹೆಸರು ಕೇಳಿರುತ್ತೀರಿ. 2023ರ ಸೆಪ್ಟೆಂಬರ್‌ನಲ್ಲಿ ಅವರು ಭಾರತದ ನಂಬರ್ 1 ಸಿಂಗಲ್ಸ್ ಆಟಗಾರ. ಆಗಲೇ ಅವರು ತಮ್ಮ ಬ್ಯಾಂಕ್ ಖಾತೆಯಲ್ಲಿ ಉಳಿದಿರುವುದು 900 ಯೂರೊ ಮಾತ್ರ ಎಂದು ಹೇಳಿದ್ದು. ದೇಶದ ನಂಬರ್ 1 ಆಟಗಾರನ ಖಾತೆಯಲ್ಲಿ ಲಕ್ಷ ರೂಪಾಯಿ ಇರಲಿಲ್ಲ. ನಾಲ್ಕು ತಿಂಗಳ ನಂತರ ಆಸ್ಟ್ರೇಲಿಯನ್ ಓಪನ್‌ನ ಅರ್ಹತಾ ಸುತ್ತು ದಾಟಿ, ಮೊದಲ ಸುತ್ತಿನಲ್ಲಿ 31ನೇ ಶ್ರೇಯಾಂಕದ ಬುಬ್ಲಿಕ್‌ರನ್ನು ಸೋಲಿಸಿದರು. ಆ ಒಂದು ವಾರದಲ್ಲಿ ಗಳಿಸಿದ್ದು 1,80,000 ಆಸ್ಟ್ರೇಲಿಯನ್ ಡಾಲರ್. 2024ರ ಜುಲೈನಲ್ಲಿ 68ನೇ ಸ್ಥಾನ. ಈ ವೃತ್ತಿಯಲ್ಲಿ ದುಡ್ಡು ಸಂಬಳದ ಹಾಗೆ ಬರುವುದಿಲ್ಲ, ಮಳೆಯ ಹಾಗೆ ಬರುತ್ತದೆ. ಒಣ ಬೇಸಾಯ ಮಾಡಿದವರಿಗೆ ಇದು ಬೇಗ ಅರ್ಥವಾಗುತ್ತದೆ. ಗೋಕಾಕದ ನೀರಾವರಿಯವರಿಗೆ ಸ್ವಲ್ಪ ಕಷ್ಟ.

ಹಾಗಾದರೆ ಎಷ್ಟನೇ ಸ್ಥಾನದಲ್ಲಿದ್ದರೆ ಖರ್ಚು ಹುಟ್ಟುತ್ತದೆ? ಮೇಲೆ ಹೇಳಿದ ಅದೇ ಲೆಕ್ಕದಲ್ಲಿ, 2013ರಲ್ಲಿ ಪುರುಷರಿಗೆ ಸುಮಾರು 336ನೇ ಸ್ಥಾನ, ಮಹಿಳೆಯರಿಗೆ 253. ಅದಕ್ಕಿಂತ ಕೆಳಗಿದ್ದವರು ಕೈಯಿಂದ ಹಾಕಿ ಆಡುತ್ತಿದ್ದರು. ವೃತ್ತಿಪರ ಪುರುಷ ಆಟಗಾರನೊಬ್ಬನ ವರ್ಷದ ಸರಾಸರಿ ಖರ್ಚು 38,800 ಡಾಲರ್, ಆಗಿನ ಡಾಲರ್ ಬೆಲೆಯಲ್ಲೇ 22 ಲಕ್ಷ ದಾಟುತ್ತದೆ. ಅದರಲ್ಲಿ ಕೋಚ್ ಸಂಬಳ ಸೇರಿರಲಿಲ್ಲ. ಈಗ ಸ್ವಲ್ಪ ಸುಧಾರಿಸಿದೆ. ಪುರುಷರ ವೃತ್ತಿಪರ ಟೂರ್ ನಡೆಸುವ ಎಟಿಪಿ 2024ರಲ್ಲಿ ಒಂದು ಯೋಜನೆ ತಂದಿತು. ಆ ವರ್ಷ ಮೊದಲ ನೂರರಲ್ಲಿ ಇದ್ದವರಿಗೆ ಕನಿಷ್ಠ 3 ಲಕ್ಷ ಡಾಲರ್, 101ರಿಂದ 175ರವರೆಗೆ ಒಂದೂವರೆ ಲಕ್ಷ, 176ರಿಂದ 250ರವರೆಗೆ 75,000 ಡಾಲರ್ ಆದಾಯಕ್ಕೆ ಭರವಸೆ ಇತ್ತು. ಆದರೆ 251ನೇಯವನಿಗೆ ಅದು ಇರಲಿಲ್ಲ.

ಈಗ ನಿಮ್ಮ ಹೊಲಕ್ಕೆ ಬನ್ನಿ. ಗಮನಿಸಿ, ಈ ವೃತ್ತಿಯಲ್ಲಿ ದೊಡ್ಡ ಖರ್ಚು ಬರುವುದು 13ನೇ ವಯಸ್ಸಿನಲ್ಲಿ ಅಲ್ಲ. 18ರಿಂದ 23ರ ನಡುವೆ. ವಿಮಾನ ಹತ್ತಬೇಕು, ಒಂದೊಂದು ದೇಶದಲ್ಲಿ ಮೂರು ಮೂರು ವಾರ ಉಳಿಯಬೇಕು, ಆದಾಯ ಇರುವುದಿಲ್ಲ, ಸ್ಪಾನ್ಸರ್ ಸಿಗುವುದಿಲ್ಲ. ನನ್ನ ಜೊತೆ ಆಡಿದ ಹುಡುಗರಲ್ಲಿ ಬಹಳ ಜನ ಆಟ ಬಾರದೆ ಬಿಟ್ಟವರಲ್ಲ, 20–21ಕ್ಕೆ ಜೇಬು ಖಾಲಿಯಾಗಿ ಬಿಟ್ಟವರು. ಅವರಪ್ಪಂದಿರು ದುಡ್ಡು ಖರ್ಚು ಮಾಡಿರಲಿಲ್ಲವೇ? ಮಾಡಿದ್ದರು, ಹುಡುಗ 12, 13, 14 ಇದ್ದಾಗ. ನಿಜವಾಗಿ ಬೇಕಾದ ಹೊತ್ತಿಗೆ ಮಾರಲು ಏನೂ ಉಳಿದಿರಲಿಲ್ಲ. ವರ್ಷಕ್ಕೆ ಹತ್ತು ಲಕ್ಷದಂತೆ 13ರಿಂದ 17ರವರೆಗೆ ಸುರಿದರೆ ನಲವತ್ತು ಲಕ್ಷ. ಮಗ 18 ಮುಟ್ಟಿ ‘ಅಪ್ಪ, ಈಗ ಟೂರ್ ಆಡಬೇಕು’ ಅನ್ನುವಾಗ ನಿಮ್ಮ ಹತ್ತಿರ ಏನಿರುತ್ತದೆ?

ಅದಕ್ಕೇ ಹೇಳುತ್ತೇನೆ, ಈಗ ಮಾರಬೇಡಿ. ನಿಮ್ಮ ಮನೆಯವರು ‘ಬೇಡ’ ಅನ್ನುವುದು ಭಯದಿಂದ ಇರಬಹುದು, ಆದರೆ ಲೆಕ್ಕವೂ ಅವರ ಕಡೆಯೇ ಇದೆ. ಮುಂದೆ ಬೇಕೇ ಬೇಕಾದರೆ ಒಂದೆರಡು ಎಕರೆ ಲಾವಣಿಗೆ, ಅಂದರೆ ಗೇಣಿಗೆ, ಹಾಕುವ ದಾರಿ ಇದೆ, ಹೊಲ ಹೊಲವಾಗೇ ಉಳಿಯುತ್ತದೆ. ನಿಮ್ಮ ಅಪ್ಪನ ಮಾತನ್ನೂ ತಳ್ಳಿಹಾಕುವುದಿಲ್ಲ. ಗರಡಿ ಕಂಡವರಿಗೆ ಹುಡುಗನ ಮೈ ನೋಡಿದರೆ ಗೊತ್ತಾಗುತ್ತದೆ. ಆದರೆ ಪೈಲ್ವಾನನಿಗೆ ಬೇಕಾದದ್ದು ಹಾಲು, ಬಾದಾಮಿ, ಉಸ್ತಾದ. ಕುಸ್ತಿ ಗೆದ್ದರೆ ಅದೇ ಕಣದಲ್ಲಿ ದುಡ್ಡು ಕೈಗೆ ಬರುತ್ತಿತ್ತು. ಅವರ ಕಾಲದ ಲೆಕ್ಕ ಟೆನಿಸ್‌ಗೆ ಕೂಡುವುದಿಲ್ಲ.

ಹಾಗಾದರೆ ಈಗ ಏನು ಮಾಡಬೇಕು? ನನ್ನ ಸಲಹೆ ಇಷ್ಟು. ಇನ್ನು ಎರಡು, ಎರಡೂವರೆ ವರ್ಷ ಬೆಳಗಾವಿಯಲ್ಲೇ ಇರಿ. ದುಡ್ಡನ್ನು ಜಾಗಕ್ಕೆ ಹಾಕಬೇಡಿ, ಪಂದ್ಯಕ್ಕೆ ಹಾಕಿ. ನಮ್ಮ ಊರಿನ ಹುಡುಗರ ನಿಜವಾದ ಕೊರತೆ ಕೋಚ್ ಅಲ್ಲ, ಎದುರಾಳಿ. ದಿನಾ ಅದೇ ನಾಲ್ಕು ಹುಡುಗರ ಜೊತೆ ಆಡಿ, ಅವರ ಎಲ್ಲ ಹೊಡೆತವೂ ಬಾಯಿಪಾಠ ಆಗಿರುತ್ತದೆ. ಹೊರಗೆ ಹೋದಾಗ ಎಡಗೈ ಆಟಗಾರ ಬಂದರೆ ಕೈಕಾಲು ಆಡುವುದಿಲ್ಲ. ಆದ್ದರಿಂದ ವರ್ಷಕ್ಕೆ 18–20 ಟೂರ್ನಿ ಆಡಿಸಿ. ಅಖಿಲ ಭಾರತ ಟೆನಿಸ್ ಸಂಸ್ಥೆಯ ರ‍್ಯಾಂಕಿಂಗ್ ಟೂರ್ನಿಗಳು ಕರ್ನಾಟಕದಲ್ಲೂ ಮಹಾರಾಷ್ಟ್ರದಲ್ಲೂ ನಡೆಯುತ್ತಲೇ ಇರುತ್ತವೆ. ನಮಗೆ ಗಡಿಯಲ್ಲಿರುವ ಲಾಭ ಇದೇ. ಕೊಲ್ಹಾಪುರ ಎರಡು ತಾಸು, ಹುಬ್ಬಳ್ಳಿ–ಧಾರವಾಡ ಎರಡು ತಾಸಿನೊಳಗೆ, ಪುಣೆಗೆ ರಾತ್ರಿ ಬಸ್ ಹತ್ತಿದರೆ ಬೆಳಿಗ್ಗೆ ಇಳಿಯಬಹುದು. ಬೆಂಗಳೂರಿನ ಹುಡುಗನಿಗೂ ಇಷ್ಟು ಬಗೆಯ ಎದುರಾಳಿ ಇಷ್ಟು ಹತ್ತಿರ ಸಿಗುವುದಿಲ್ಲ. ಒಂದು ಟೂರ್ನಿಗೆ ಇಬ್ಬರ ಓಡಾಟ, ಲಾಡ್ಜು, ಊಟ, ಪ್ರವೇಶ ಶುಲ್ಕ ಸೇರಿ 12–15 ಸಾವಿರ ಹಿಡಿಯಿರಿ. 20 ಟೂರ್ನಿಗೆ ಮೂರು ಲಕ್ಷ. ಬ್ಯಾಂಕ್ ಸಂಬಳ ಮತ್ತು ಕಬ್ಬಿನ ಬಿಲ್ಲಿನಲ್ಲಿ ಎಳೆದಾಡಿ ನಿಭಾಯಿಸಬಹುದು. ಕಬ್ಬಿನ ಬಿಲ್ಲು ಸರಿಯಾದ ವೇಳೆಗೆ ಬಂದರೆ ಅನ್ನಿ.

ಬೇಸಿಗೆ ರಜೆಯಲ್ಲಿ ಮೂರು ವಾರ, ದಸರೆಗೆ ಒಂದು ವಾರ ಬೆಂಗಳೂರಿಗೋ ಪುಣೆಗೋ ಕಳಿಸಿ. ಆಗ ಆ ಅಕಾಡೆಮಿಯನ್ನೂ ನೀವು ಒಳಗಿನಿಂದ ನೋಡಿದಂತಾಗುತ್ತದೆ. ಹೋದಾಗ ಗೋಡೆಗೆ ಹಾಕಿದ ಫೋಟೊ ನೋಡಬೇಡಿ, ಕೋರ್ಟ್ ನೋಡಿ. ಒಂದು ಕೋರ್ಟ್‌ನಲ್ಲಿ ಎಷ್ಟು ಹುಡುಗರು ಸಾಲು ನಿಂತಿದ್ದಾರೆ? ಹೆಸರಿರುವ ಕೋಚ್ ದಿನಕ್ಕೆ ಎಷ್ಟು ಹೊತ್ತು ಕೋರ್ಟ್‌ನಲ್ಲಿರುತ್ತಾರೆ, ಎಷ್ಟು ಹೊತ್ತು ಫೋನಿನಲ್ಲಿರುತ್ತಾರೆ? ಟೂರ್ನಿಗೆ ಹುಡುಗರ ಜೊತೆ ಯಾರು ಹೋಗುತ್ತಾರೆ? ನಡುವೆ ಬಿಟ್ಟರೆ ಫೀ ವಾಪಸ್ ಬರುತ್ತದಾ? ಮೂರು ವರ್ಷದ ಹಿಂದೆ ಸೇರಿದ ಹುಡುಗರು ಈಗ ಎಲ್ಲಿದ್ದಾರೆ? ಕೊನೆಯ ಪ್ರಶ್ನೆ ಕೇಳಿದಾಗ ಎದುರಿನವರ ಮುಖ ನೋಡಿ, ಉತ್ತರ ಅಲ್ಲೇ ಇರುತ್ತದೆ.

ಬೆಳಗಾವಿಯಲ್ಲಿ ಉಳಿಯುವುದರಲ್ಲೂ ನಷ್ಟವಿದೆ, ಅದನ್ನು ಮುಚ್ಚಿಡುವುದಿಲ್ಲ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನಮ್ಮ ಮಳೆ ನಿಮಗೆ ಗೊತ್ತೇ ಇದೆ. ನಾಲ್ಕು ದಿನ ಬಿಸಿಲು ಬಿದ್ದು ಕೋರ್ಟ್ ಒಣಗಿತು ಅನ್ನುವಷ್ಟರಲ್ಲಿ ಮತ್ತೆ ಜಿಟಿಜಿಟಿ. ಆ ತಿಂಗಳುಗಳಲ್ಲಿ ದೇಹ ಗಟ್ಟಿ ಮಾಡಿಸಿ, ಗೋಡೆಗೆ ಹೊಡೆಸಿ, ಮಳೆ ಕಡಿಮೆ ಇರುವ ಕಡೆ ಟೂರ್ನಿ ಇದ್ದರೆ ಹೊರಡಿ. ಇನ್ನೊಂದು ನಷ್ಟ, 15–16ರ ಹೊತ್ತಿಗೆ ಇವನು ಇಲ್ಲಿನ ಎಲ್ಲರನ್ನೂ ಸುಲಭವಾಗಿ ಸೋಲಿಸುವ ಮಟ್ಟಕ್ಕೆ ಬಂದರೆ ಇಲ್ಲಿ ಉಳಿದು ಪ್ರಯೋಜನವಿಲ್ಲ. ಆಗ ಹೊರಡಲೇಬೇಕು. 16 ವರ್ಷದೊಳಗಿನವರಲ್ಲಿ ದೇಶದ ಮೊದಲ 20ರ ಆಸುಪಾಸು ಬಂದರೆ ನಾನೇ ನಿಮ್ಮ ಮನೆಗೆ ಬಂದು ‘ಕಳಿಸಿ’ ಅನ್ನುತ್ತೇನೆ. ಅಷ್ಟಾಗದಿದ್ದರೆ ಟೆನಿಸ್ ಅವನ ಜೊತೆ ಇರಲಿ, ಓದೂ ಇರಲಿ.

ಶಾಲೆಯ ವಿಷಯ. ಓಪನ್ ಸ್ಕೂಲ್ ಕೆಟ್ಟದ್ದಲ್ಲ, ಅದರಲ್ಲಿ ಓದಿ ಚೆನ್ನಾಗಿ ಬಂದವರಿದ್ದಾರೆ. ಆದರೆ ಅಕಾಡೆಮಿ ಸೇರಿದ ಮೇಲೆ ಪುಸ್ತಕ ತೆಗೆಯುವವರು ಕಡಿಮೆ. ಇದನ್ನು ಒತ್ತಿ ಹೇಳಲು ಒಂದು ಕಾರಣವಿದೆ. ನಿಮ್ಮ ಮಗನಂಥವನಿಗೆ ಅತ್ಯಂತ ಒಳ್ಳೆಯ ದಾರಿ ಅಮೆರಿಕದ ಕಾಲೇಜು ಟೆನಿಸ್ ಇರಬಹುದು. ಅಲ್ಲಿನ ವಿಶ್ವವಿದ್ಯಾಲಯಗಳು ಚೆನ್ನಾಗಿ ಆಡುವ ಹುಡುಗರಿಗೆ ಫೀಯಲ್ಲಿ ಒಂದು ಪಾಲನ್ನೋ ಪೂರ್ತಿಯನ್ನೋ ವಿದ್ಯಾರ್ಥಿವೇತನವಾಗಿ ಕೊಡುತ್ತವೆ. ಕೋಚ್, ಕೋರ್ಟ್, ಫಿಸಿಯೊ, ಪಂದ್ಯಕ್ಕೆ ಹೋಗಿಬರುವ ಖರ್ಚು ಎಲ್ಲ ಅವರದ್ದೇ. ನಮ್ಮ ಸೋಮದೇವ್ ದೇವವರ್ಮನ್ ವರ್ಜೀನಿಯಾ ವಿಶ್ವವಿದ್ಯಾಲಯದಲ್ಲಿ ಓದುತ್ತಾ 2007 ಮತ್ತು 2008ರಲ್ಲಿ ಅಲ್ಲಿನ ರಾಷ್ಟ್ರೀಯ ಕಾಲೇಜು ಸಿಂಗಲ್ಸ್ ಗೆದ್ದರು. ಆಮೇಲೆ ವೃತ್ತಿಪರರಾಗಿ 62ನೇ ಸ್ಥಾನ ಮುಟ್ಟಿದರು. ಅಂದರೆ 18ರಿಂದ 22ರವರೆಗಿನ, ನಾನು ಮೇಲೆ ಹೇಳಿದ, ಜೇಬು ಸುಡುವ ವರ್ಷಗಳ ಖರ್ಚಿನ ಬಹುಪಾಲನ್ನು ಬೇರೆಯವರು ಹೊತ್ತರು. ಕೊನೆಗೆ ಡಿಗ್ರಿಯೂ ಕೈಯಲ್ಲಿತ್ತು.

ಈ ಬಾಗಿಲಿಗೂ ಬೀಗವಿದೆ. 9ನೇ ತರಗತಿಯಿಂದ 12ರವರೆಗಿನ ಅಂಕಗಳನ್ನು ಅವರು ನೋಡುತ್ತಾರೆ. ಇಂಗ್ಲಿಷ್ ಬೇಕು. ಪಿಯುಸಿ ಮುಗಿಸಿ ‘ಎರಡು ವರ್ಷ ಟೂರ್ ಆಡಿ ನೋಡ್ತೀನಿ, ಆಮೇಲೆ ಹೋಗ್ತೀನಿ’ ಎಂದರೆ ಕಾಲೇಜಿನಲ್ಲಿ ಆಡಲು ಸಿಗುವ ವರ್ಷಗಳು ಕಡಿಮೆಯಾಗಬಹುದು. ಪೂರ್ತಿ ವಿದ್ಯಾರ್ಥಿವೇತನ ಎಲ್ಲರಿಗೂ ಸಿಗುವುದಿಲ್ಲ, ಉಳಿದದ್ದನ್ನು ಡಾಲರಿನಲ್ಲಿ ತುಂಬಬೇಕು. ಎರಡು ಎಕರೆಯ ಪ್ರಶ್ನೆ ನಿಜವಾಗಿ ಬರುವುದಿದ್ದರೆ ಅವತ್ತು ಬರುತ್ತದೆ. ಅವತ್ತು ನಿಮ್ಮ ಕೈಯಲ್ಲಿ ಉತ್ತರವೂ ಇರುತ್ತದೆ, ಯಾಕೆಂದರೆ ಎದುರಿಗೆ 13ರ ಕನಸಿನ ಬದಲು ಒಂದು ವಿಶ್ವವಿದ್ಯಾಲಯದ ಪತ್ರ ಇರುತ್ತದೆ.

ನೇರವಾಗಿ ವೃತ್ತಿಪರ ಟೂರ್‌ಗೆ ಇಳಿಯುವುದಾದರೂ ಈಗ ಮೊದಲಿನಷ್ಟು ದೂರ ಹೋಗಬೇಕಿಲ್ಲ. 2023ರಲ್ಲಿ ಧಾರವಾಡದಲ್ಲೂ ಕಲಬುರಗಿಯಲ್ಲೂ ಪುರುಷರ ಅಂತರರಾಷ್ಟ್ರೀಯ ಟೂರ್ನಿ ನಡೆದವು. ಎರಡನ್ನೂ ಚೆನ್ನೈನ ರಾಮಕುಮಾರ್ ರಾಮನಾಥನ್ ಗೆದ್ದರು. ಇನ್ನೊಮ್ಮೆ ಹತ್ತಿರದಲ್ಲಿ ಇಂಥದ್ದು ನಡೆದರೆ ಶಾಲೆಗೆ ಒಂದು ದಿನ ರಜೆ ಹಾಕಿಸಿ ಮಗನನ್ನು ಕರೆದುಕೊಂಡು ಹೋಗಿ. ಫೈನಲ್‌ಗೆ ಬೇಡ, ಅರ್ಹತಾ ಸುತ್ತಿನ ಬೆಳಿಗ್ಗೆಗೆ. ಗ್ಯಾಲರಿಯಲ್ಲಿ ಯಾರೂ ಇರುವುದಿಲ್ಲ. 24–25 ವರ್ಷದವರು ತಮ್ಮ ಬ್ಯಾಗ್ ತಾವೇ ಹೊತ್ತು, ಬಾಳೆಹಣ್ಣು ತಿನ್ನುತ್ತಾ ತಮ್ಮ ಸರದಿಗೆ ಕಾಯುತ್ತಿರುತ್ತಾರೆ. ಅವರ ಹೊಡೆತ ನೋಡಿದರೆ ಟಿವಿಯಲ್ಲಿ ಕಾಣುವವರಿಗಿಂತ ಏನೂ ಕಮ್ಮಿ ಅನಿಸುವುದಿಲ್ಲ. ಅದನ್ನು ನೋಡಿ ಬಂದ ಮೇಲೂ ಮಗ ‘ನನಗೆ ಇದೇ ಬೇಕು’ ಅಂದರೆ ಆ ಮಾತಿಗೆ ಬೆಲೆ ಇದೆ.

ಇನ್ನೊಂದು ಮಾತು, ಸ್ವಲ್ಪ ಕಟುವಾಗಿ ಕಾಣಬಹುದು. ಕೆಲವು ವರ್ಷದ ಹಿಂದೆ ನನ್ನ ಹತ್ತಿರ ಒಬ್ಬ ಹುಡುಗ ಬರುತ್ತಿದ್ದ. ಒಳ್ಳೆಯ ಕೈ. ಅವನಪ್ಪ ಅವನಿಗಾಗಿ ಒಂದು ಪ್ಲಾಟ್ ಮಾರಿದರು. ಮಾರಿದ್ದು ತಪ್ಪೋ ಸರಿಯೋ, ಅದನ್ನು ಹುಡುಗನ ಎದುರೇ ನಾಲ್ಕು ಸಲ ಹೇಳಿದರು. ಆಮೇಲೆ ಆ ಹುಡುಗ ಎರಡೂ ಸರ್ವ್ ತಪ್ಪಿ ಡಬಲ್ ಫಾಲ್ಟ್ ಮಾಡಿದಾಗಲೆಲ್ಲ ಎದುರಾಳಿಯ ಕಡೆ ನೋಡುತ್ತಿರಲಿಲ್ಲ, ಜಾಲರಿಯ ಆಚೆ ನಿಂತ ಅಪ್ಪನ ಕಡೆ ನೋಡುತ್ತಿದ್ದ. ಎರಡನೇ ಸರ್ವ್‌ಗೆ ಚೆಂಡು ಮೇಲೆಸೆಯುವ ಕೈ ನಡುಗುತ್ತಿತ್ತು. ನಾನು ಆರು ತಿಂಗಳು ಆ ಕೈಯನ್ನು ಸರಿ ಮಾಡಲು ನೋಡಿದೆ. ಕೈಯಲ್ಲಿ ತೊಂದರೆ ಇರಲಿಲ್ಲ. 16ಕ್ಕೆ ಆಟ ಬಿಟ್ಟ. ಈಗ ಎದುರು ಸಿಕ್ಕರೆ ನಮಸ್ಕಾರ ಮಾಡುತ್ತಾನೆ, ಟೆನಿಸ್ ವಿಷಯ ಎತ್ತುವುದಿಲ್ಲ. ನಿಮ್ಮ ಮನೆಯಲ್ಲಿ ಹೊಲದ ಮಾತು ಇಷ್ಟು ದಿನ ಮಗನ ಕಿವಿಗೆ ಬಿದ್ದಿದ್ದರೆ, ಇವತ್ತೇ ನಿಲ್ಲಿಸಿ.

ಈಗ ಮೊಣಕಾಲು. ವಾರಕ್ಕೆ ಆರು ದಿನ, ದಿನಕ್ಕೆ ನಾಲ್ಕು ತಾಸು ಅಂದರೆ 24 ತಾಸು. ಕ್ರೀಡಾ ವೈದ್ಯರು ಸಾಮಾನ್ಯವಾಗಿ ಹೇಳುವ ಅಳತೆ ಏನೆಂದರೆ, ವಾರದ ತರಬೇತಿಯ ತಾಸುಗಳು ಹುಡುಗನ ವಯಸ್ಸನ್ನು ಮೀರಬಾರದು. 13ರ ಹುಡುಗನಿಗೆ 13 ತಾಸು. ನೀವು ಹೆಚ್ಚುಕಡಿಮೆ ಎರಡು ಪಟ್ಟು ಆಡಿಸುತ್ತಿದ್ದೀರಿ. ಬೆಳೆಯುವ ವಯಸ್ಸಿನಲ್ಲಿ ಎಲುಬು ಬೇಗ ಉದ್ದವಾಗುತ್ತದೆ, ಸ್ನಾಯು ಹಿಂದೆ ಬೀಳುತ್ತದೆ. ತೊಡೆಯ ಸ್ನಾಯು ಚಿಪ್ಪಿನ ಮೂಲಕ ಮೊಣಕಾಲ ಕೆಳಗಿನ ಎಲುಬಿಗೆ ಅಂಟಿರುವ ಜಾಗವನ್ನು ಪ್ರತಿ ಜಿಗಿತಕ್ಕೂ, ಪ್ರತಿ ಬ್ರೇಕಿಗೂ ಎಳೆಯುತ್ತದೆ. ಆ ಜಾಗ ಇನ್ನೂ ಗಟ್ಟಿ ಎಲುಬಾಗಿರುವುದಿಲ್ಲ, ಮೆತ್ತಗಿರುತ್ತದೆ. ಅಲ್ಲಿ ಊದಿಕೊಂಡು ನೋಯುತ್ತದೆ. ಇದಕ್ಕೆ ಆಸ್‌ಗುಡ್–ಶ್ಲಾಟರ್ ಅನ್ನುತ್ತಾರೆ. ಮಗನನ್ನು ಕೂರಿಸಿ ಚಿಪ್ಪಿನ ಕೆಳಗೆ ಎರಡು ಬೆರಳಿನಷ್ಟು ಜಾಗ ಬಿಟ್ಟು ಮೆಲ್ಲಗೆ ಒತ್ತಿ ನೋಡಿ. ಸಣ್ಣ ಉಬ್ಬು ಸಿಕ್ಕು, ಅಲ್ಲೇ ‘ಅಯ್ಯೋ’ ಅಂದರೆ ಬಹುಶಃ ಅದೇ.

‘ಬೆಳೆಯೋ ಹುಡುಗರಿಗೆ ಇದ್ದದ್ದೇ’ ಎನ್ನುವುದು ಅರ್ಧ ನಿಜ. ಬೆಳೆಯುವಾಗ ಬರುತ್ತದೆ, ಬೆಳೆದ ಮೇಲೆ ಹೋಗುತ್ತದೆ. ಆದರೆ ನೋವಿನ ಮೇಲೇ ಆಡಿಸಿದರೆ ತಿಂಗಳುಗಟ್ಟಲೆ ಎಳೆಯುತ್ತದೆ. ಎರಡು ತಿಂಗಳಾದ ನೋವು ಅದೇನಾ, ಬೇರೆ ಏನಾದರೂ ಇದೆಯಾ ಎಂದು ಎಲುಬಿನ ಡಾಕ್ಟರೇ ಹೇಳಬೇಕು, ನಾನಲ್ಲ. ಚೆನ್ನೈನ ಪ್ರಜ್ಞೇಶ್ ಗುಣೇಶ್ವರನ್ ಮೊಣಕಾಲಿನ ಗಾಯದಿಂದ ಹಲವು ವರ್ಷ ಕಳೆದುಕೊಂಡರು. ತಿರುಗಿ ಬಂದು 2018ರಲ್ಲಿ ಬೆಂಗಳೂರು ಓಪನ್ ಗೆದ್ದರು, 2019ರಲ್ಲಿ 75ನೇ ಸ್ಥಾನಕ್ಕೂ ಏರಿದರು. ಆಗ ಅವರಿಗೆ 29. ಆ ವರ್ಷಗಳು ಕೈಯಲ್ಲಿ ಇದ್ದಿದ್ದರೆ ಎಂದು ನನಗೆ ಈಗಲೂ ಅನಿಸುತ್ತದೆ.

ಹಾಗಾಗಿ ಈ ವಾರ ಡಾಕ್ಟರಿಗೆ ತೋರಿಸಿ. ಅವರು ಹೇಳುವವರೆಗೆ ಓಟ, ಜಿಗಿತ ಬಂದ್. ನೋವು ಕಡಿಮೆಯಾಗಲಿ ಎಂದು ಇಂಜೆಕ್ಷನ್ ಚುಚ್ಚಿಸಿ ಟೂರ್ನಿ ಆಡಿಸುವ ಆಲೋಚನೆ ಬೇಡ, ಯಾವ ಕೋಚ್ ಹೇಳಿದರೂ ಬೇಡ. ತಿರುಗಿ ಶುರು ಮಾಡಿದಾಗ ವಾರಕ್ಕೆ ಎಂಟು ತಾಸಿನಿಂದ ಮೇಲೇರಿ, ಒಂದು ದಿನ ಪೂರ್ತಿ ರಜೆ. ಅವನ ರ‍್ಯಾಕೆಟ್‌ಗೆ ಗಟ್ಟಿ ಪಾಲಿಯೆಸ್ಟರ್ ಗಟ್ಟ್ ಹಾಕಿಸಿದ್ದರೆ ಅದನ್ನೂ ತೆಗೆಸಿ. ಈ ವಯಸ್ಸಿನ ಮೊಣಕೈಗೆ ಮೆತ್ತನೆಯದೇ ಸಾಕು. ಮೊಣಕಾಲಿಗೂ ಇದಕ್ಕೂ ಸಂಬಂಧವಿಲ್ಲ, ಸುಮ್ನೆ ನೆನಪಾಯಿತು, ಹೇಳಿದೆ.

ಡಾಕ್ಟರ್ ಒಪ್ಪಿದ ಮೇಲೆ ಒಂದು ಸಂಜೆ ಮಗನನ್ನು ನನ್ನ ಕೋರ್ಟಿಗೆ ಕರೆದುಕೊಂಡು ಬನ್ನಿ. ನೀವು ಜಾಲರಿಯ ಹತ್ತಿರ ನಿಲ್ಲಬೇಡಿ, ಎದುರಿನ ಅಂಗಡಿಯಲ್ಲಿ ಚಹಾ ಕುಡಿಯುತ್ತಾ ಕೂತಿರಿ. ನನಗೆ ಅವನ ಎರಡನೇ ಸರ್ವ್ ನೋಡಬೇಕು.